ಬಾಣ ನಂದು, ಸ್ಪೇಸ್ ಆಕಿದು

ಆ ಕೀಬೋರ್ಡು ಬೋರಲ ಹಾಕಿ ಬಡಿದ್ರ
ಮೆಣಸಿನ ಬೀಜ ಉದರತಿದ್ವು.
ಬ್ಯಾಡಗಿಯೊಳಗ ಇದೇನ ದೊಡ್ಡ ಮಾತಲ್ಲ.
ಪ್ಯಾಟಿ ಜೋರಾದ ದಿನ
ಗ್ವಾಡಿಮ್ಯಾಲಿನ ದೇವರೂ ಸೀನಬೇಕು ಇಲ್ಲಿ.

ಮುರಿಗೆಪ್ಪ ಕಬ್ಬೂರನ ಸೈಬರು,
ಅವರಪ್ಪನ ದಲಾಲಿ ಅಂಗಡಿ ಮಾಳಗಿ ಮ್ಯಾಲ.
ಕಂಪ್ಯೂಟರ್ ಐದು, ಚಾಲೂ ಇದ್ದದ್ದು ನಾಕು,
ತಾಸಿಗೆ ಹದಿನೈದು.
ನನ್ನ ಕಡೆ ಎಂಟು, ನದಾಫರ ಶಾಹೀನ ಕಡೆ ಏಳು.
ಅದಕ್ಕ ಒಂದ ಕುರ್ಚಿ, ಇಬ್ರದೂ ಅರ್ಧರ್ಧ ಕುಂಡಿ.
ಅದಕ್ಕ ಬಾಣದ ಗುಂಡಿ ನಂದು, ಸ್ಪೇಸ್ ಆಕಿದು:
ನಾ ಓಡಸಬೇಕು, ಆಕಿ ಜಿಗಸಬೇಕು.
ನಾ ‘ಹೂಂ’ ಅಂದಕೂಡಲೇ.

ಮೊದಲ ಒಂದು ಪಟ್ಟಿ ತುಂಬಬೇಕಿತ್ತು, ಖಾಲಿ ಪಟ್ಟಿ.
ಮ್ಯಾಲ ಪರದೆ ಎಣಸತಿತ್ತು,
ಅರವತ್ತು, ಅರವತ್ತೊಂದು,
ಕೆಳಗ ಹಮಾಲರು ಚೀಲ ಎಣಸತಿದ್ರು,
ಲಾಭ, ಎರಡು, ಮೂರು.
ಕೆಳಗಿನ ಲಾರಿ ತುಂಬಿ ಹೊಂಟು ಹೋಗತಿತ್ತು,
ನಮ್ಮದು ತೊಂಬತ್ತೆಂಟಕ್ಕ ನಿಂತಿರತಿತ್ತು.
ಮತ್ತ ಆಗ, ಖರೇನ ಆಗ, ಕರೆಂಟ ಹೋಗತಿತ್ತು.
‘ಇವರ ಕಂಬಕ್ಕ ಗೆದ್ದಲ ಹತ್ತಲಿ’
ಅಂತಿದ್ಲು ಶಾಹೀನ, ಕತ್ತಲದಾಗ, ಮೂಗು ಒರಸಕೋತ.

ಕುಂಬಳಕಾಯಿ ತಲಿ ಹುಡುಗ, ಮೂರು ಜೀವ,
ಏಳನೇ ಮಜಲಿನ್ಯಾಗ ಮುಳ್ಳಿನ ಗುಂಡಿ.
ಅವನ ಹೆಸರು ನಮಗ ಗೊತ್ತಿರಲಿಲ್ಲ,
ಆಟ ಬರದಾವ ಯಾವ ದೇಶದಾವೋ ಗೊತ್ತಿರಲಿಲ್ಲ.
ಬಿಟ್ಟಿ ಕೊಟ್ಟಿದ್ದ. ನಾವೂ ಬಿಟ್ಟಿ ಬೈತಿದ್ವಿ.
‘ಹೂಂ’ ತಡಾ ಆತೋ, ಜಿಗತ ತಡಾ ಆತೋ,
ಜಗಳ ಮನಿಮಟಾ, ಒಮ್ಮೊಮ್ಮೆ ಮರದಿನದಮಟಾ.

ಲೈನು ದಿನಾ ಕಡೀತಿತ್ತು ಅಂತ
ಮುರಿಗೆಪ್ಪ ಒಂದೊಂದ ಆಟ ಇಳಿಸಿ
ಡಿಸ್ಕಿನ್ಯಾಗ ಮುಚ್ಚಿಟ್ಟಿದ್ದ.
ಅಪ್ಪ ನೋಡಿದ್ರ ಅಳಿಸ್ಯಾನು ಅಂತ
ಫೋಲ್ಡರಿಗೆ ಹೆಸರಿಟ್ಟಿದ್ದ: ಬಾಕಿ ವಸೂಲಿ.

ಆಮ್ಯಾಲ ಒಂದಿನ ಜಗತ್ತಿನ ಎಲ್ಲಾ ಬ್ರೌಸರು
ಒಂದ ಮಾತು ಅಂದ್ವು: ಇನ್ನ ಇದು ನಡಿಯೂದಿಲ್ಲ.
ಆಟ ಇದ್ದ ಜಾಗಾದಾಗ ಬೂದಿ ಬಣ್ಣದ ಚೌಕ.
ಸಾವಿರಗಟ್ಟಲೆ ಸತ್ವು,
ಮಣ್ಣಿಗೆ ಯಾರೂ ಬರಲಿಲ್ಲ.
ನಾನೂ ಹೋಗಲಿಲ್ಲ. ಫೋನಿನ್ಯಾಗ ಬ್ಯಾರೆ ಏನೋ ಒತ್ತಕೋತ ಕುಂತಿದ್ದೆ.

ಹ್ವಾದ ತಿಂಗಳು ಗುಜರಿಗೆ ಹಾಕೂಮುಂದ
ಮುರಿಗೆಪ್ಪ ಕರದು ಡಿಸ್ಕು ಕೈಯಾಗ ಇಟ್ಟ.
ಹಚ್ಚಿದ್ರ ಹಳೀ ಬೀಸೂಕಲ್ಲಿನಂಗ ನರಳಿತು,
ಆದ್ರ ತಿರಗಿತು.
ಬಾಕಿ ವಸೂಲಿ: ಇನ್ನೂರಾ ಹನ್ನೊಂದು.

ಎಲ್ಲೆಲ್ಲಿಯೋ ಕುಂತ ಪುಣ್ಯಾತ್ಮರು
ಸತ್ತ ಆಟಕ್ಕ ಉಸುರು ತುಂಬೂ ಸಾಫ್ಟ್‌ವೇರ್ ಬರದಾರ,
ಅದೂ ಬಿಟ್ಟಿ.
ಹಾಕಿದೆ. ಕಣ್ಣ ಪಿಳಕಸೂದರಾಗ ಪಟ್ಟಿ ತುಂಬಿತು,
ಎಣಸಾಕ ಪುರುಸೊತ್ತ ಕೊಡಲಿಲ್ಲ.
ಕುಂಬಳಕಾಯಿ ತಲಿ ಹುಡುಗ, ಒಂದ ಸುಕ್ಕಿಲ್ಲ.
ನಮ್ಮೂರ ಕೋಲ್ಡ್ ಸ್ಟೋರೇಜಿನ್ಯಾಗ
ಹೋದ ವರ್ಷದ ಕಾಯಿ ಇರ್ತಾವಲ್ಲ, ಹಂಗ:
ಬಣ್ಣ ಹಂಗ ಐತಿ.
ಖಾರ ಕೇಳಬ್ಯಾಡ್ರಿ,
ಬ್ಯಾಡಗಿ ಕಾಯಿಗೆ ಅದು ಮೊದಲೂ ಕಡಿಮಿ.

ಓಡಸಿದೆ. ಜಿಗಸಾಕ ಬರವಲ್ದು.
ಈ ಎಡಗೈ ಎಂದೂ ಆ ಕೆಲಸ ಕಲತಿಲ್ಲ.
ಹೆಬ್ಬಟ್ಟು ಸ್ಪೇಸಿನ ಮ್ಯಾಲ
ಪರಊರಿಂದ ಬಂದ ಬೀಗರಂಗ ಕುಂತೈತಿ.

ಫೋನ ಹಚ್ಚಿದೆ.
ಶಾಹೀನ ಈಗ ಸವಣೂರ ಹೆಸ್ಕಾಂ ಆಫೀಸಿನ್ಯಾಗ,
ಕರೆಂಟ ಹೋದ್ರ ಮಂದಿ ಈಗ ಆಕಿಗೆ ಬೈತಾರ.
‘ಏಳನೇದಾ? ತಡಿ, ನಾ ಹೇಳ್ತೀನಿ, ನೀ ಒತ್ತು.
ಕಾಣಬೇಕಂತೇನಿಲ್ಲ ನನಗ.’

ಓಡಸಿದೆ.
‘ಹೂಂ.’ ಮೊದಲನೇ ಗುಂಡಿ ದಾಟಿದ.
‘ಹೂಂ.’ ಎರಡನೇದೂ.
ಆಮ್ಯಾಲ ಫೋನಿನ ಆ ಕಡೆ ಯಾರದೋ ದನಿ,
‘ಅವ್ವಾರ, ಮುಂಜಾಲಿಂದ ಕರೆಂಟಿಲ್ರೀ’ –
‘ಹೂಂ’ ಅಂದ್ಲು ಅವಗ,
ನಾ ಒತ್ತಿಬಿಟ್ಟೆ.

ಮುಳ್ಳು.
‘ನಿಂದ ತಪ್ಪು’ ಅಂತಾಳ.
ನಿಂದ, ಅಂತೀನಿ.
ಇನ್ನ ಎರಡ ಜೀವ ಅದಾವ.